ಆಜ್ಞೆಯ ಶಕ್ತಿ ಎಲ್ಲಿದೆ: ಸಿಡಿ ಡ್ರೈವ್, ಲೈಬ್ರರಿ ಫೈಲು ಮತ್ತು ಮೀಮಾಂಸೆಯ ಒಂದು ಪ್ರಶ್ನೆ

ಸಿಡಿ, ಡಿವಿಡಿ ಡ್ರೈವುಗಳನ್ನು ಕಂಪ್ಯೂಟರಿನ ಹಿಡಿತಕ್ಕೆ ತರುವ ಲೈಬ್ರರಿ ಫೈಲು ತಾನಾಗಿ ಏನನ್ನೂ ಮಾಡುವುದಿಲ್ಲ. ಅದರ ಮೇಲೆ ಕ್ಲಿಕ್ ಮಾಡಿದರೆ ಯಾವ ಕಿಟಕಿಯೂ ತೆರೆಯದು. ಹಾಡು ಕೇಳಿಸುವ, ಸಿಡಿ ಬರೆಯುವ, ಸಿನಿಮಾ ತೋರಿಸುವ ಪ್ರೋಗ್ರಾಂಗಳು ಬೇಕಾದಾಗ ಅದನ್ನು ಕರೆಯುತ್ತವೆ. ಆಗ ಅದು ‘ಈ ಹಾಡನ್ನು ಓದು’, ‘ಟ್ರೇಯನ್ನು ಹೊರಗೆ ತಳ್ಳು’ ಎಂಬ ಬಯಕೆಯನ್ನು ಡ್ರೈವಿಗೆ ತಿಳಿಯುವ ಸಂಖ್ಯೆಗಳ ಸಾಲಾಗಿ ಜೋಡಿಸಿ ಆಪರೇಟಿಂಗ್ ಸಿಸ್ಟಂನ ಕೈಗೆ ಕೊಡುತ್ತದೆ. ವಿಂಡೋಸ್‌ನಲ್ಲಿ ಬಹುಕಾಲ ಈ ಕೆಲಸ ನಡೆಸಿದ್ದು ಅಡಾಪ್ಟೆಕ್ ಕಂಪನಿ ರೂಪಿಸಿದ ‘ಆಸ್ಪಿ’ ಪದ್ಧತಿಯ ಡಿಎಲ್ಎಲ್ ಫೈಲು. 2001ರ ವಿಂಡೋಸ್ ಎಕ್ಸ್‌ಪಿಯಲ್ಲಿ ಮೈಕ್ರೋಸಾಫ್ಟ್ ತನ್ನದೇ ಆದ ‘ಐಮ್ಯಾಪಿ’ಯನ್ನು ತಂದಿತು. ಲಿನಕ್ಸ್ ಬಳಸುವವರ ನಡುವೆ ಲಿಬ್‌ಸಿಡಿಐಒ, ಲಿಬ್‌ಬರ್ನ್ ಎಂಬ ಲೈಬ್ರರಿಗಳು ಚಾಲ್ತಿಯಲ್ಲಿವೆ. ಹೆಸರು ಬೇರೆಯಾದರೂ ಇವೆಲ್ಲ ನಿಂತಿರುವ ಜಾಗ ಒಂದೇ: ಒಂದು ಕಡೆ ಬಯಸುವ ಮನುಷ್ಯ, ಇನ್ನೊಂದು ಕಡೆ ತಿರುಗುವ ಮೋಟರು ಮತ್ತು ಲೇಸರ್, ನಡುವೆ ಈ ಫೈಲು.

ಡ್ರೈವಿಗೆ ತಿಳಿಯುವ ಭಾಷೆಯ ಬೇರು 1986ರಲ್ಲಿ ಅಮೆರಿಕದ ಮಾನಕವಾಗಿ ಒಪ್ಪಿತವಾದ ‘ಸ್ಕಸಿ’ ಪದ್ಧತಿಯಲ್ಲಿದೆ. ಅಗ್ಗದ ಕಂಪ್ಯೂಟರುಗಳಿಗೆ ಸಿಡಿ ಡ್ರೈವು ಬಂದಾಗ ತಂತಿ ಬೇರೆಯಾಯಿತು, ಭಾಷೆ ಉಳಿಯಿತು. ಬೇರೆ ಬಗೆಯ ತಂತಿಯಲ್ಲೇ ಅದೇ ಆದೇಶಗಳನ್ನು ಪೊಟ್ಟಣ ಕಟ್ಟಿ ಕಳಿಸುವ ‘ಅಟಾಪಿ’ ಕ್ರಮ ರೂಢಿಗೆ ಬಂತು. ಸಿಡಿ, ಡಿವಿಡಿ, ಬ್ಲೂ-ರೇ ಡ್ರೈವುಗಳಿಗೆ ಬೇಕಾದ ಆದೇಶಗಳನ್ನೆಲ್ಲ ‘ಎಂಎಂಸಿ’ ಎಂಬ ಮಾನಕದಲ್ಲಿ ಟಿ10 ಎಂಬ ತಾಂತ್ರಿಕ ಸಮಿತಿ ಪಟ್ಟಿ ಮಾಡಿದೆ. ಅಟಾಪಿಯ ಒಂದು ಆದೇಶ ಎಂದರೆ 12 ಬೈಟುಗಳು. ಮೊದಲ ಬೈಟು ಯಾವ ಕೆಲಸ ಎಂಬುದನ್ನು ಹೇಳುತ್ತದೆ. ಉಳಿದವು ಎಲ್ಲಿಂದ, ಎಷ್ಟು, ಯಾವ ರೀತಿಯಲ್ಲಿ ಎಂಬುದನ್ನು. ಹದಿನಾರರ ಅಂಕಪದ್ಧತಿಯಲ್ಲಿ ಮೊದಲ ಬೈಟು 1ಬಿ ಆಗಿದ್ದು ಐದನೆಯ ಬೈಟು 02 ಆಗಿದ್ದರೆ ಟ್ರೇ ಹೊರಗೆ ಬರುತ್ತದೆ. ಐದನೆಯದು 03 ಆದರೆ ಒಳಗೆ ಹೋಗುತ್ತದೆ. ಮೊದಲ ಬೈಟು ಬಿಇ ಆದರೆ ಸಿಡಿಯ ಸೆಕ್ಟರುಗಳನ್ನು ಓದಬೇಕು. ಲೈಬ್ರರಿ ಫೈಲಿನ ಬಹುಪಾಲು ವಿದ್ಯೆ ಎಂದರೆ ಈ ಪಟ್ಟಿಯನ್ನು ತಪ್ಪಿಲ್ಲದೆ ತಿಳಿದಿರುವುದು.

ತಂತ್ರಜ್ಞರು ಈ ಸಾಲುಗಳನ್ನು ಕಮಾಂಡ್ ಎನ್ನುತ್ತಾರೆ. ‘ಡ್ರೈವು ಆಜ್ಞೆಯನ್ನು ಪಾಲಿಸಿತು’ ಎಂಬ ಮಾತು ಎಲ್ಲರಿಗೂ ಸಹಜವಾಗಿ ಕೇಳಿಸುತ್ತದೆ. ಆದರೆ ಆಜ್ಞೆ ಎಂಬುದು ತತ್ತ್ವಶಾಸ್ತ್ರದಲ್ಲಿ ಸುಲಭಕ್ಕೆ ಬಗೆಹರಿದ ವಿಷಯವಲ್ಲ. ಒಂದು ಮಾತು ಒಂದು ಕ್ರಿಯೆಯನ್ನು ಹೇಗೆ ಹುಟ್ಟಿಸುತ್ತದೆ? ಪ್ರೇರಿಸುವ ಶಕ್ತಿ ಇರುವುದು ಶಬ್ದದಲ್ಲೋ, ಹೇಳಿದವನಲ್ಲೋ, ಕೇಳಿದವನ ಆಸೆಯಲ್ಲೋ? ಭಾರತದ ದರ್ಶನಗಳಲ್ಲಿ ಈ ಒಂದೇ ಪ್ರಶ್ನೆಯ ಮೇಲೆ ಇಡೀ ಶಾಸ್ತ್ರವನ್ನು ಕಟ್ಟಿದ್ದು ಪೂರ್ವಮೀಮಾಂಸೆ. ವೇದದ ವಿಧಿವಾಕ್ಯಗಳು ಮನುಷ್ಯನನ್ನು ಯಾಗಕ್ಕೆ ಹೇಗೆ ತೊಡಗಿಸುತ್ತವೆ ಎಂಬುದನ್ನು ಜೈಮಿನಿಯ ಸೂತ್ರಗಳಿಂದ ಮೊದಲಾಗಿ ಶಬರ, ಕುಮಾರಿಲ ಭಟ್ಟ, ಪ್ರಭಾಕರ, ಮಂಡನ ಮಿಶ್ರರು ಶತಮಾನಗಳ ಕಾಲ ಚರ್ಚಿಸಿದರು. ಯಾಗಶಾಲೆಗೂ ಸಿಡಿ ಡ್ರೈವಿಗೂ ಇರುವ ದೂರ ದೊಡ್ಡದು. ಆದರೂ ಮಾತಿನಿಂದ ಕ್ರಿಯೆ ಹುಟ್ಟುವ ಬಗೆಯನ್ನು ಅವರಷ್ಟು ಸೂಕ್ಷ್ಮವಾಗಿ ಬಿಡಿಸಿ ನೋಡಿದವರು ಕಡಿಮೆ. ಅವರ ಸಲಕರಣೆಗಳು ಇಲ್ಲಿ ನಿಜವಾಗಿ ಉಪಯೋಗಕ್ಕೆ ಬರುತ್ತವೆ.

ಕುಮಾರಿಲನ ಮತದಲ್ಲಿ ವಿಧಿವಾಕ್ಯ ಎರಡು ಕೆಲಸ ಮಾಡುತ್ತದೆ. ಕ್ರಿಯಾಪದದ ವಿಧ್ಯರ್ಥಕ ಪ್ರತ್ಯಯ ಕೇಳುವವನನ್ನು ತೊಡಗಿಸುತ್ತದೆ. ಇದು ಶಾಬ್ದೀ ಭಾವನೆ. ಹಾಗೆ ತೊಡಗಿದವನು ಫಲವನ್ನು ಹುಟ್ಟಿಸುವ ಪ್ರಯತ್ನ ಆರ್ಥೀ ಭಾವನೆ. ಈ ಎರಡನೆಯದು ಮೂರು ಆಕಾಂಕ್ಷೆಗಳನ್ನು ಎತ್ತುತ್ತದೆ: ಏನನ್ನು ಸಾಧಿಸಬೇಕು, ಯಾವುದರಿಂದ ಸಾಧಿಸಬೇಕು, ಹೇಗೆ ಸಾಧಿಸಬೇಕು. ಮೂರಕ್ಕೂ ಉತ್ತರ ಸಿಗುವ ತನಕ ವಿಧಿ ಅಪೂರ್ಣ. 12 ಬೈಟುಗಳ ಆದೇಶವನ್ನು ಬಿಡಿಸಿ ನೋಡಿದರೆ ಇದೇ ರಚನೆಯ ನೆರಳು ಕಾಣುತ್ತದೆ. ಸಿಡಿ ಓದುವ ಆದೇಶದಲ್ಲಿ ಯಾವ ಸೆಕ್ಟರಿನಿಂದ ಶುರು, ಎಷ್ಟು ಸೆಕ್ಟರು, ಹಾಡಿನ ಸೆಕ್ಟರೋ ದತ್ತಾಂಶದ ಸೆಕ್ಟರೋ, ದೋಷ ಸೂಚಿಸುವ ಗುರುತುಗಳೂ ಬೇಕೋ ಬೇಡವೋ ಎಂಬುದಕ್ಕೆಲ್ಲ ಜಾಗಗಳಿವೆ. ಇವುಗಳಲ್ಲಿ ಒಂದು ಹೊಂದದಿದ್ದರೂ ಡ್ರೈವು ಆದೇಶವನ್ನು ಅಕ್ರಮವೆಂದು ಹಿಂದಿರುಗಿಸುತ್ತದೆ. ಆಕಾಂಕ್ಷೆ ತೀರದ ವಾಕ್ಯ ಕ್ರಿಯೆಗೆ ದಾರಿಯಾಗದು ಎಂಬ ಮೀಮಾಂಸಕರ ಮಾತಿಗೆ ಇಷ್ಟು ಕಟ್ಟುನಿಟ್ಟಾದ ಉದಾಹರಣೆ ಮನುಷ್ಯರ ನಡುವಿನ ಮಾತಿನಲ್ಲೂ ಸಿಗುವುದು ಕಷ್ಟ. ಮನುಷ್ಯ ಅರ್ಧ ಮಾತಿನಿಂದಲೇ ಊಹಿಸಿ ನಡೆಯುತ್ತಾನೆ, ಡ್ರೈವು ಊಹಿಸುವುದಿಲ್ಲ.

ಹೋಲಿಕೆ ಮುಗಿಯುವುದೂ ಇಲ್ಲಿಯೇ. ಮೀಮಾಂಸೆಯ ವಿಧಿ ಯಾರಿಗೆ ಹೇಳಿದ್ದು? ಆಸೆಯೂ ಸಾಮರ್ಥ್ಯವೂ ಇರುವವನಿಗೆ. ಸ್ವರ್ಗವನ್ನು ಬಯಸುವವನು ಯಾಗ ಮಾಡಬೇಕು. ಬಯಸದವನಿಗೆ ಆ ವಿಧಿ ತಾಗುವುದಿಲ್ಲ. ಮಂಡನ ಮಿಶ್ರ ಇನ್ನೂ ಮುಂದೆ ಹೋಗಿ, ‘ಇದು ನಿನಗೆ ಇಷ್ಟವಾದುದನ್ನು ಒದಗಿಸುವ ಸಾಧನ’ ಎಂಬ ತಿಳಿವಳಿಕೆಯೇ ವಿಧಿಯ ಹುರುಳು, ಬೇರೆ ಯಾವ ನಿಗೂಢ ತಳ್ಳುವಿಕೆಯೂ ಅದರಲ್ಲಿಲ್ಲ ಎಂದ. ಪ್ರಭಾಕರನ ಪಕ್ಷ ಇದಕ್ಕೆ ಎದುರು: ಆಜ್ಞೆಯ ಹುರುಳು ನಿಯೋಗ, ‘ಇದು ನಾನು ಮಾಡಬೇಕಾದ್ದು’ ಎಂದು ಕೇಳಿದವನಿಗೆ ಆಗುವ ಅರಿವು, ಫಲದ ಆಸೆ ಆಮೇಲಿನದು. ಸಿಡಿ ಡ್ರೈವಿಗೆ ಸಾಮರ್ಥ್ಯವಿದೆ. ಆಸೆ ಇಲ್ಲ, ಆದ್ದರಿಂದ ಮಂಡನನ ಅರ್ಥದಲ್ಲಿ ಅದಕ್ಕೆ ವಿಧಿ ಇಲ್ಲ. ‘ನಾನು’ ಎಂಬ ಅರಿವು ಇಲ್ಲ, ಆದ್ದರಿಂದ ಪ್ರಭಾಕರನ ಅರ್ಥದಲ್ಲೂ ಇಲ್ಲ. ಉಳಿಯುವುದು ಕುಮಾರಿಲನ ಪಕ್ಷ: ತೊಡಗಿಸುವ ಶಕ್ತಿ ಶಬ್ದದಲ್ಲಿಯೇ ಇದೆ ಎಂಬುದು. ಮೇಲುನೋಟಕ್ಕೆ ಇದು ಡ್ರೈವಿಗೆ ಹೇಳಿ ಮಾಡಿಸಿದಂತಿದೆ. ಅಲ್ಲಿ ಶಬ್ದವಲ್ಲದೆ ಬೇರೇನೂ ಇಲ್ಲ. ಬೈಟುಗಳು ಹೋದವು, ಟ್ರೇ ಬಂತು. ಇದು ನಿಜವೇ ಎಂಬುದನ್ನು ಒಂದು ಐತಿಹಾಸಿಕ ಘಟನೆಯ ಮೂಲಕ ಪರೀಕ್ಷಿಸಬಹುದು. ಅದಕ್ಕೂ ಮೊದಲು ನಿಷೇಧದ ಬಗ್ಗೆ ಒಂದು ಮಾತು ಬೇಕು.

ಡ್ರೈವಿನ ಆದೇಶಗಳಲ್ಲಿ ವಿಧಿಯಷ್ಟೇ ಅಲ್ಲ, ನಿಷೇಧವೂ ಇದೆ. ಮೊದಲ ಬೈಟು 1ಇ ಆಗಿರುವ ಆದೇಶ ತಟ್ಟೆಯನ್ನು ಹೊರತೆಗೆಯದಂತೆ ಬೀಗ ಹಾಕುತ್ತದೆ. ಅದು ಜಾರಿಯಲ್ಲಿರುವಾಗ ಟ್ರೇ ತೆರೆಯುವ ಆದೇಶ ಬಂದರೆ ಡ್ರೈವು ಒಪ್ಪುವುದಿಲ್ಲ, ಮುಂಭಾಗದ ಗುಂಡಿ ಒತ್ತಿದರೂ ಜಗ್ಗುವುದಿಲ್ಲ. ಸಿಡಿ ಬರೆಯುತ್ತಿರುವಾಗ ಈ ನಿಷೇಧವೇ ಕೆಲಸವನ್ನು ಕಾಯುತ್ತದೆ. ಒಮ್ಮೆ ಬರೆಯುವ ತಟ್ಟೆಯ ಬಣ್ಣದ ಪದರವನ್ನು ಲೇಸರ್ ಕಾಯಿಸಿ ಬದಲಿಸಿದ ಮೇಲೆ ಅದನ್ನು ಹಿಂದಿನಂತೆ ಮಾಡಲು ಬರುವುದಿಲ್ಲ. ಆದರೆ ಬಹುಪಾಲು ಡ್ರೈವುಗಳ ಮುಂಭಾಗದಲ್ಲಿ ಸೂಜಿ ತೂರುವಷ್ಟು ಒಂದು ರಂಧ್ರವಿದೆ. ವಿದ್ಯುತ್ ಇಲ್ಲದಾಗ ಅದರೊಳಗೆ ತಂತಿ ತೂರಿ ಒತ್ತಿದರೆ ಟ್ರೇ ಬರುತ್ತದೆ. ಇಲ್ಲಿ ಆಜ್ಞೆ ಇಲ್ಲ, ಬರೀ ಬಲ ಇದೆ. ಬೈಟುಗಳಿಂದ ತೆರೆದ ಟ್ರೇಗೂ ತಂತಿಯಿಂದ ತೆರೆದ ಟ್ರೇಗೂ ಇರುವ ವ್ಯತ್ಯಾಸವೇ ಈ ಚರ್ಚೆಯ ತಿರುಳು. ಎರಡರಲ್ಲೂ ಕಾರಣದಿಂದ ಕಾರ್ಯ ಹುಟ್ಟಿತು. ಒಂದರಲ್ಲಿ ಮಾತ್ರ ನಡುವೆ ಅರ್ಥ ಇತ್ತು, ಹಾಗಾಗಿ ‘ಇಲ್ಲ’ ಎನ್ನುವ ಅವಕಾಶವೂ ಇತ್ತು.

ಇನ್ನು ಘಟನೆ. 2003ರ ಅಕ್ಟೋಬರ್‌ನಲ್ಲಿ ಮ್ಯಾಂಡ್ರೇಕ್ ಲಿನಕ್ಸ್‌ನ 9.2ನೇ ಆವೃತ್ತಿ ಬಿಡುಗಡೆಯಾಯಿತು. ಅದನ್ನು ಕಂಪ್ಯೂಟರಿಗೆ ಹಾಕಲು ಹೋದವರಲ್ಲಿ ಹಲವರ ಎಲ್‌ಜಿ ಕಂಪನಿಯ ಸಿಡಿ-ರಾಂ ಡ್ರೈವುಗಳು ಸತ್ತುಹೋದವು. ಕಾರಣ ಹುಡುಕಿದಾಗ ಕಂಡದ್ದು ಇದು: ಆ ಆವೃತ್ತಿಯ ತಿರುಳು ಪ್ರೋಗ್ರಾಂ ಆದ ಕರ್ನಲ್‌ನಲ್ಲಿ ಸಿಡಿಗೆ ಚೂರುಚೂರಾಗಿ ಬರೆಯುವ ಸೌಕರ್ಯಕ್ಕೆಂದು ಸೇರಿಸಿದ ಒಂದು ತೇಪೆ ಇತ್ತು. ಅದು ಡ್ರೈವಿಗೆ ‘ನಿನ್ನ ತಾತ್ಕಾಲಿಕ ನೆನಪಿನಲ್ಲಿ ಉಳಿದಿರುವುದನ್ನು ತಟ್ಟೆಗೆ ಇಳಿಸು’ ಎಂಬ ಅರ್ಥದ ಆದೇಶವನ್ನು ಕಳಿಸುತ್ತಿತ್ತು. ಓದಲು ಮಾತ್ರ ಬರುವ ಡ್ರೈವಿಗೆ ಇಳಿಸಲು ಏನೂ ಇರುವುದಿಲ್ಲ. ಅದು ಆದೇಶವನ್ನು ತಿರಸ್ಕರಿಸಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಎಲ್‌ಜಿಯ ಆ ಮಾದರಿಗಳಲ್ಲಿ ಅದೇ ಸಂಖ್ಯೆಗೆ ಡ್ರೈವಿನೊಳಗಿನ ಪ್ರೋಗ್ರಾಂ ಆದ ಫರ್ಮ್‌ವೇರ್ ಬದಲಿಸುವ ಕೆಲಸವನ್ನು ಅಂಟಿಸಲಾಗಿತ್ತು. ಹೊಸ ಫರ್ಮ್‌ವೇರ್ ಬರಲಿದೆ ಎಂದು ಡ್ರೈವು ಹಳೆಯದನ್ನು ಕಳೆದುಕೊಂಡಿತು. ಹೊಸದು ಬರಲೇ ಇಲ್ಲ. ಮುಂದೆ ಎಲ್‌ಜಿ ಸರಿಪಡಿಸಿದ ಫರ್ಮ್‌ವೇರ್ ಒದಗಿಸಿತು, ಮ್ಯಾಂಡ್ರೇಕ್ ತನ್ನ ಕರ್ನಲ್ ತಿದ್ದಿತು.

ತೈತ್ತಿರೀಯ ಸಂಹಿತೆಯಲ್ಲಿ ಬರುವ, ವೈಯಾಕರಣ ಪತಂಜಲಿಯ ಪರಂಪರೆ ಮತ್ತೆ ಮತ್ತೆ ನೆನೆಯುವ ತ್ವಷ್ಟೃವಿನ ಕಥೆ ಇಲ್ಲಿ ನೆನಪಿಗೆ ಬಾರದೆ ಇರದು. ಇಂದ್ರನನ್ನು ಕೊಲ್ಲುವ ಮಗನನ್ನು ಬಯಸಿ ತ್ವಷ್ಟೃ ಹೋಮ ಮಾಡಿದ. ಮಂತ್ರದಲ್ಲಿ ‘ಇಂದ್ರಶತ್ರು’ ಎಂಬ ಪದದ ಸ್ವರ ತಪ್ಪಿತು. ಇಂದ್ರನನ್ನು ಕೊಲ್ಲುವವನು ಹುಟ್ಟುವ ಬದಲು ಇಂದ್ರನಿಂದ ಕೊಲ್ಲಲ್ಪಡುವ ವೃತ್ರ ಹುಟ್ಟಿದ. ಎರಡು ಕಥೆಗಳೂ ಒಂದೇ ಎಂದು ಹೇಳಲು ಮನಸ್ಸು ಎಳೆಯುತ್ತದೆ. ಆದರೆ ಅವು ಒಂದಲ್ಲ, ಆ ವ್ಯತ್ಯಾಸವೇ ಮುಖ್ಯ. ತ್ವಷ್ಟೃವಿನ ಹೋಮದಲ್ಲಿ ತಪ್ಪು ಹೇಳಿದವನದು. ಶಬ್ದ ತನ್ನ ನಿಜವಾದ ಅರ್ಥವನ್ನೇ ನಡೆಸಿಕೊಟ್ಟಿತು. ಶಬ್ದಕ್ಕೂ ಅರ್ಥಕ್ಕೂ ಇರುವ ನಂಟು ಹುಟ್ಟಿನಿಂದ ಬಂದದ್ದು, ಯಾರೂ ಮಾಡಿದ್ದಲ್ಲ ಎಂಬ ಮೀಮಾಂಸಕರ ನಿಲುವಿಗೆ ಆ ಕಥೆ ಹೊಂದುತ್ತದೆ. 2003ರ ಘಟನೆಯಲ್ಲಿ ಹೇಳಿದ ಶಬ್ದ ಮಾನಕದ ಪ್ರಕಾರ ಸರಿಯಾಗಿಯೇ ಇತ್ತು. ಬೈಟುಗಳಲ್ಲಿ ಒಂದೂ ತಪ್ಪಿರಲಿಲ್ಲ. ಅದೇ ಬೈಟುಗಳು ಬೇರೆ ಕಂಪನಿಗಳ ಡ್ರೈವುಗಳಿಗೆ ಹೋದಾಗ ಯಾವ ಅಪಾಯವೂ ಆಗಲಿಲ್ಲ. ಶಬ್ದ ಒಂದೇ, ಉಚ್ಚಾರಣೆ ಒಂದೇ, ಫಲ ಮಾತ್ರ ಕೇಳಿದವನಂತೆ ಬೇರೆಬೇರೆ.

ಇದರಿಂದ ಒಂದು ಮಾತು ಖಚಿತವಾಗುತ್ತದೆ. ಯಂತ್ರದ ಆಜ್ಞೆಯ ಶಕ್ತಿ ಶಬ್ದದ ಒಳಗೆ ಕೂತಿಲ್ಲ. ಕುಮಾರಿಲನ ಪಕ್ಷವೂ ಇಲ್ಲಿ ನಿಲ್ಲುವುದಿಲ್ಲ. ನಿಲ್ಲುವುದು ನ್ಯಾಯದರ್ಶನದವರಾದ ನೈಯಾಯಿಕರ ಪಕ್ಷ. ಶಬ್ದಕ್ಕೆ ಅರ್ಥ ಬರುವುದು ಸಂಕೇತದಿಂದ, ‘ಈ ಪದದಿಂದ ಈ ಅರ್ಥ ತಿಳಿಯಲಿ’ ಎಂಬ ಇಚ್ಛೆಯಿಂದ ಎಂದು ಅವರು ವಾದಿಸಿದರು. ಹಳೆಯ ನೈಯಾಯಿಕರು ಮೂಲ ಸಂಕೇತವನ್ನು ಈಶ್ವರನ ಇಚ್ಛೆಗೆ ಬಿಟ್ಟು, ಮನುಷ್ಯರು ಹೊಸದಾಗಿ ಮಾಡಿಕೊಂಡ ಸಂಕೇತಗಳನ್ನು ಪಾರಿಭಾಷಿಕ ಎಂದು ಬೇರೆಯಾಗಿ ಇಟ್ಟರು. ಎಂಎಂಸಿಯ ಪಟ್ಟಿ ಅಪ್ಪಟ ಪಾರಿಭಾಷಿಕ. 1ಬಿ ಎಂಬ ಸಂಖ್ಯೆಗೂ ಟ್ರೇಗೂ ಪ್ರಕೃತಿಯಲ್ಲಿ ಯಾವ ಸಂಬಂಧವೂ ಇಲ್ಲ. ಒಂದು ಸಮಿತಿ ಕೂತು ಹಾಗೆಂದು ಗೊತ್ತುಮಾಡಿತು. ಡ್ರೈವು ಮಾಡುವವರು ಅದನ್ನು ಒಪ್ಪಿ ಚಿಪ್ಪಿನೊಳಗೆ ಬರೆದರು. ಲೈಬ್ರರಿ ಬರೆಯುವವರು ಒಪ್ಪಿ ಫೈಲಿನೊಳಗೆ ಬರೆದರು. ಆಜ್ಞೆಯ ಬಲ ಈ ಎರಡು ಒಪ್ಪಿಗೆಗಳು ಕೂಡುವ ಜಾಗದಲ್ಲಿದೆ. ಒಂದು ಒಪ್ಪಿಗೆ ಮುರಿದರೆ ಬೈಟುಗಳು ಹೋಗುವುದು ನಿಲ್ಲುವುದಿಲ್ಲ, ಮೋಟರು ತಿರುಗುವುದೂ ನಿಲ್ಲುವುದಿಲ್ಲ. ಅರ್ಥ ಮಾತ್ರ ಇಲ್ಲವಾಗುತ್ತದೆ.

ಮೀಮಾಂಸಕನ ಪರವಾಗಿ ಒಂದು ಆಕ್ಷೇಪವನ್ನು ನ್ಯಾಯವಾಗಿ ಎತ್ತಲೇಬೇಕು. ವೇದಕ್ಕೆ ಕರ್ತೃವಿಲ್ಲ ಎಂದು ಅವನು ಹೇಳಲು ಕಾರಣ, ಹೇಳಿದವನು ಇದ್ದರೆ ಅವನ ದೋಷ ಮಾತಿಗೂ ತಗಲುತ್ತದೆ ಎಂಬುದು. ಮಾನಕದ ಪಟ್ಟಿಯೂ ಬಳಕೆಯಲ್ಲಿ ಕರ್ತೃವನ್ನು ಕಳೆದುಕೊಂಡಂತೆಯೇ ಇದೆ. ಲೈಬ್ರರಿ ಬರೆಯುವವನು ಯಾವ ಸಭೆಯಲ್ಲಿ ಯಾರು ಈ ಸಂಖ್ಯೆಯನ್ನು ಸೂಚಿಸಿದರು ಎಂದು ಕೇಳುವುದಿಲ್ಲ. ಪಟ್ಟಿಯಲ್ಲಿ ಇದೆ, ಅಷ್ಟೇ ಸಾಕು. ಆದರೆ ಈ ಹೋಲಿಕೆ ದೂರ ನಡೆಯದು. ಪಟ್ಟಿ ಆವೃತ್ತಿಯಿಂದ ಆವೃತ್ತಿಗೆ ಬದಲಾಗುತ್ತದೆ. ಹೊಸ ಡಿವಿಡಿ, ಬ್ಲೂ-ರೇ ಬಂದಾಗ ಹೊಸ ಆದೇಶ ಸೇರುತ್ತದೆ, ಹಳೆಯದು ಬಿಟ್ಟುಹೋಗುತ್ತದೆ. ಬದಲಿಸಬಲ್ಲವರು ಇದ್ದಾರೆ ಎಂದರೆ ಹೊಣೆ ಹೊರಬೇಕಾದವರೂ ಇದ್ದಾರೆ. ಮಾನಕದ ಹಿಂದೆ ಅಡಗಿ ‘ಪಟ್ಟಿಯಲ್ಲಿ ಹಾಗಿತ್ತು’ ಎನ್ನುವುದು ಸಾಲದು.

ಡ್ರೈವು ಆಜ್ಞೆಯನ್ನು ಕೇಳುವುದಷ್ಟೇ ಅಲ್ಲ, ಉತ್ತರವನ್ನೂ ಕೊಡುತ್ತದೆ. ‘ಸಿದ್ಧವಿಲ್ಲ’, ‘ತಟ್ಟೆಯಲ್ಲಿ ದೋಷ’, ‘ಆದೇಶ ಅಕ್ರಮ’ ಎಂಬ ಬಗೆಬಗೆಯ ಸ್ಥಿತಿಗಳಿಗೆ ಅಂಕಿಗಳಿವೆ. ಕ್ರಮವಾಗಿ 2, 3, 5. ಲೈಬ್ರರಿ ಆ ಅಂಕಿಯನ್ನು ಓದಿ ಪ್ರೋಗ್ರಾಂಗೆ ತಿಳಿಸುತ್ತದೆ. ಈ ಉತ್ತರವನ್ನು ನಂಬಬಹುದೇ? ನ್ಯಾಯದರ್ಶನದಲ್ಲಿ ಶಬ್ದ ಪ್ರಮಾಣವಾಗುವುದು ಆಪ್ತ ಹೇಳಿದಾಗ. ಆಪ್ತನೆಂದರೆ ವಿಷಯವನ್ನು ಇದ್ದಂತೆ ಕಂಡವನು ಮತ್ತು ಕಂಡದ್ದನ್ನು ತಿಳಿಸಬೇಕೆಂಬ ಮನಸ್ಸುಳ್ಳವನು. ಡ್ರೈವು ಮೊದಲನೆಯದನ್ನು ಒಂದು ಅಳತೆಗೆ ಪೂರೈಸುತ್ತದೆ, ಎರಡನೆಯದು ಅದಕ್ಕೆ ಇಲ್ಲ. ಅದರ ‘ಆಪ್ತತೆ’ ಅದನ್ನು ಮಾಡಿದ ಎಂಜಿನಿಯರಿನಿಂದ ಎರವಲು ಬಂದದ್ದು. ಹಾಗಾಗಿ ಡ್ರೈವಿನ ಮಾತನ್ನು ನಂಬುವ ಲೈಬ್ರರಿ ನಿಜಕ್ಕೂ ನಂಬುತ್ತಿರುವುದು ಕಾಣದ ಒಬ್ಬ ಮನುಷ್ಯನನ್ನು.

ಹಾಡಿನ ಸಿಡಿಯನ್ನು ಓದುವಾಗ ಈ ನಂಬಿಕೆಯ ಪ್ರಶ್ನೆ ಗಂಭೀರವಾಗುತ್ತದೆ. ಫಿಲಿಪ್ಸ್ ಮತ್ತು ಸೋನಿ ಸೇರಿ ರೂಪಿಸಿದ ಹಾಡಿನ ಸಿಡಿಯಲ್ಲಿ ಒಂದು ಸೆಕೆಂಡಿಗೆ 75 ಸೆಕ್ಟರುಗಳು, ಪ್ರತಿ ಸೆಕ್ಟರಿನಲ್ಲಿ 2352 ಬೈಟುಗಳು, ಎಲ್ಲವೂ ಧ್ವನಿಯೇ. ದತ್ತಾಂಶದ ಸಿಡಿಯಲ್ಲಿ ಅಷ್ಟೇ ದೊಡ್ಡ ಸೆಕ್ಟರಿನಲ್ಲಿ 2048 ಬೈಟು ಮಾತ್ರ ಬಳಕೆದಾರನದು. ಉಳಿದ ಜಾಗ ವಿಳಾಸಕ್ಕೂ ತಪ್ಪು ತಿದ್ದುವ ಲೆಕ್ಕಕ್ಕೂ ಮೀಸಲು. ಹಾಡಿನ ಸೆಕ್ಟರಿಗೆ ಆ ಒಳವಿಳಾಸವಿಲ್ಲ. ‘ಇಂಥ ಸೆಕ್ಟರಿನಿಂದ ಓದು’ ಎಂದರೆ ಡ್ರೈವು ಸ್ವಲ್ಪ ಹಿಂದಿನಿಂದಲೋ ಮುಂದಿನಿಂದಲೋ ಶುರುಮಾಡಿ, ಸರಿಯಾಗಿ ಓದಿದೆನೆಂದೇ ಉತ್ತರ ಕೊಟ್ಟೀತು. ತಟ್ಟೆ ಗೀಚಿದ್ದರೆ ಕಾಣದ ಕಡೆ ಪಕ್ಕದ ಧ್ವನಿಯಿಂದ ಊಹಿಸಿ ತುಂಬಿಸೀತು. ಕಿವಿಗೆ ಅದು ಗೊತ್ತಾಗದಿರಬಹುದು. ಆದರೆ ಕೊಟ್ಟದ್ದು ತಟ್ಟೆಯಲ್ಲಿ ಇದ್ದದ್ದಲ್ಲ.

ಇಲ್ಲಿ ಭಾರತೀಯ ಜ್ಞಾನಮೀಮಾಂಸೆಯ ಹಳೆಯ ಜಗಳವೊಂದು ಹೊಸ ವೇಷದಲ್ಲಿ ಎದುರಾಗುತ್ತದೆ. ಜ್ಞಾನ ತಾನಾಗಿಯೇ ಪ್ರಮಾಣ, ಅದನ್ನು ಬಾಧಿಸುವ ಇನ್ನೊಂದು ಜ್ಞಾನ ಬರುವ ತನಕ ಅಥವಾ ಕಾರಣದಲ್ಲಿ ದೋಷ ಕಾಣುವ ತನಕ ನಂಬಬೇಕು ಎನ್ನುತ್ತಾರೆ ಮೀಮಾಂಸಕರು. ಜ್ಞಾನ ಸರಿಯೆಂದು ತೀರ್ಮಾನಿಸಲು ಹೊರಗಿನ ಆಧಾರ ಬೇಕು ಎನ್ನುತ್ತಾರೆ ನೈಯಾಯಿಕರು. ದತ್ತಾಂಶದ ಸಿಡಿಯನ್ನು ಓದುವ ಲೈಬ್ರರಿ ಮೊದಲ ಮಾರ್ಗ ಹಿಡಿಯುತ್ತದೆ: ದೋಷದ ಉತ್ತರ ಬಾರದಿದ್ದರೆ ಬಂದದ್ದು ಸರಿ. ಹಾಡಿನ ಸಿಡಿಗಾಗಿ ಜಿಫ್.ಆರ್ಗ್ ಬಳಗದಲ್ಲಿ ಬೆಳೆದ, ಈಗ ಲಿಬ್‌ಸಿಡಿಐಒ ಜೊತೆಗೂ ಬಳಕೆಯಲ್ಲಿರುವ ‘ಪ್ಯಾರನೋಯಾ’ ಎಂಬ ಲೈಬ್ರರಿ ಎರಡನೆಯ ಮಾರ್ಗದ್ದು. ಅದು ಒಂದೇ ಭಾಗವನ್ನು ಅಂಚು ಅಂಚು ಸೇರುವಂತೆ ಮತ್ತೆ ಮತ್ತೆ ಓದಿ, ಓದುಗಳು ಒಂದಕ್ಕೊಂದು ತಾಳೆಯಾದ ಮೇಲಷ್ಟೇ ಒಪ್ಪುತ್ತದೆ. ಅದೇ ಸಿಡಿಯನ್ನು ಜಗತ್ತಿನ ಬೇರೆಡೆ ಓದಿದವರ ಲೆಕ್ಕದೊಂದಿಗೆ ತಾಳೆ ನೋಡುವ ವ್ಯವಸ್ಥೆಗಳೂ ಬಂದಿವೆ. ಮೀಮಾಂಸಕರು ಎತ್ತಿದ ಪ್ರತಿಪ್ರಶ್ನೆ ಮಾತ್ರ ಹಾಗೆಯೇ ಉಳಿದಿದೆ: ಎರಡನೆಯ ಓದನ್ನು ನಂಬಲು ಮೂರನೆಯದು ಬೇಕಾದರೆ ಕೊನೆ ಎಲ್ಲಿ? ಲೈಬ್ರರಿ ಬರೆದವರು ಅದಕ್ಕೆ ಕೊಟ್ಟ ಉತ್ತರ ವ್ಯಾವಹಾರಿಕ. ಇಷ್ಟು ಸಲ ಓದಿದರೂ ತಾಳೆಯಾಗದಿದ್ದರೆ ಬಿಟ್ಟು ಮುಂದೆ ಹೋಗು, ಬಿಟ್ಟಿದ್ದನ್ನು ಹೇಳು. ಈ ‘ಬಿಟ್ಟಿದ್ದನ್ನು ಹೇಳು’ ಎಂಬುದು ದೊಡ್ಡ ಮಾತು. ಗೊತ್ತಿಲ್ಲದ್ದನ್ನು ಗೊತ್ತಿಲ್ಲವೆಂದು ತಿಳಿಸುವ ಲೈಬ್ರರಿ, ಅಂದವಾಗಿ ಊಹಿಸಿ ತುಂಬುವ ಡ್ರೈವಿಗಿಂತ ನಂಬಿಕೆಗೆ ಹೆಚ್ಚು ಅರ್ಹ.

ಆಜ್ಞೆಯ ಚರ್ಚೆಯಲ್ಲಿ ಉಳಿದದ್ದು ಅಧಿಕಾರ: ಯಾರಿಗೆ ಆಜ್ಞಾಪಿಸುವ ಹಕ್ಕಿದೆ ಎಂಬುದು. ಮೀಮಾಂಸೆ ಮುಖ್ಯವಾಗಿ ಕೇಳಿದ್ದು ಪಾಲಿಸುವವನ ಅಧಿಕಾರವನ್ನು. ಡ್ರೈವಿನ ವಿಷಯದಲ್ಲಿ ಹೇಳುವವನ ಅಧಿಕಾರವೇ ಮುಂದೆ ನಿಲ್ಲುತ್ತದೆ. 2004ರ ಆಗಸ್ಟ್‌ನಲ್ಲಿ ಬಂದ ಲಿನಕ್ಸ್ ಕರ್ನಲ್ 2.6.8, ಸಾಮಾನ್ಯ ಬಳಕೆದಾರರು ಡ್ರೈವಿಗೆ ನೇರವಾಗಿ ಕಳಿಸುವ ಆದೇಶಗಳನ್ನು ಸೋಸತೊಡಗಿತು. ಅಪಾಯವಿಲ್ಲದವೆಂದು ಗುರುತಿಸಿದ ಆದೇಶಗಳಿಗೆ ಮಾತ್ರ ದಾರಿ. ಉಳಿದವು ಯಂತ್ರದ ಆಡಳಿತಗಾರನಿಗೆ ಮೀಸಲು. ಕೆಲವರಿಗೆ ಸಿಡಿ ಬರೆಯುವುದೇ ನಿಂತು ಗೊಂದಲವಾಯಿತು. ಆದರೂ ಆ ನಿರ್ಧಾರಕ್ಕೆ ಆಧಾರವಿತ್ತು: ಫರ್ಮ್‌ವೇರ್ ಅಳಿಸುವ ಆದೇಶವನ್ನು ಯಾರು ಬೇಕಾದರೂ ಕಳಿಸಬಹುದಾದರೆ ಒಬ್ಬನ ಕೈತಪ್ಪು ಎಲ್ಲರ ಯಂತ್ರವನ್ನು ಕೆಡಿಸೀತು. ನಿಯಮ ಬಹಿರಂಗವಾಗಿತ್ತು, ಅದರ ಪಠ್ಯವನ್ನು ಯಾರು ಬೇಕಾದರೂ ಓದಬಹುದಿತ್ತು, ಯಂತ್ರದ ಒಡೆಯ ಬೇಕೆಂದರೆ ಅದನ್ನು ಬದಲಿಸಬಹುದಿತ್ತು.

ಮರುವರ್ಷದ ಘಟನೆ ಇದಕ್ಕೆ ತೀರ ವಿರುದ್ಧವಾದದ್ದು. ಸೋನಿ ಬಿಎಂಜಿ ಸಂಸ್ಥೆ ಹಲವು ಹಾಡಿನ ಸಿಡಿಗಳಲ್ಲಿ ನಕಲು ತಡೆಯುವ ಸಾಫ್ಟ್‌ವೇರ್ ಇಟ್ಟಿತ್ತು. ಅವುಗಳಲ್ಲಿ ಎಕ್ಸ್‌ಸಿಪಿ ಎಂಬುದು ವಿಂಡೋಸ್ ಕಂಪ್ಯೂಟರಿಗೆ ಸೇರಿಕೊಂಡು, ಸಿಡಿ ಡ್ರೈವಿಗೂ ಉಳಿದ ಪ್ರೋಗ್ರಾಂಗಳಿಗೂ ನಡುವೆ ತನ್ನದೊಂದು ಪದರವನ್ನು ಹೂಡಿ, ತನ್ನ ಇರುವನ್ನೇ ಮರೆಮಾಚುತ್ತಿತ್ತು. 2005ರ ಅಕ್ಟೋಬರ್ 31ರಂದು ಕಂಪ್ಯೂಟರ್ ತಜ್ಞ ಮಾರ್ಕ್ ರುಸಿನೊವಿಚ್ ಅದನ್ನು ಬಯಲಿಗೆ ತಂದರು. ಆ ಫೈಲುಗಳನ್ನು ಕೈಯಾರೆ ಅಳಿಸಿದಾಗ ಕಂಪ್ಯೂಟರಿನಲ್ಲಿ ಸಿಡಿ ಡ್ರೈವೇ ಕಾಣದಾಯಿತು. ಜನರ ಕೋಪಕ್ಕೆ ಮಣಿದು ಸಂಸ್ಥೆ ನವೆಂಬರ್‌ನಲ್ಲಿ ಆ ಸಿಡಿಗಳನ್ನು ಹಿಂದಕ್ಕೆ ಪಡೆಯಿತು. ಇಲ್ಲಿ ಆದದ್ದನ್ನು ತಾಂತ್ರಿಕ ದೋಷ ಎಂದು ಕರೆಯಬಾರದು. ಒಡೆಯ ‘ಓದು’ ಎಂದದ್ದನ್ನು ಮೂರನೆಯವರು ನಡುವೆ ಹಿಡಿದು, ಅವನಿಗೆ ತಿಳಿಸದೆ, ಬೇರೆಯಾಗಿಸಿದರು. ಎಲ್‌ಜಿ ಡ್ರೈವಿನ ಪ್ರಸಂಗದಲ್ಲಿ ಸಂಕೇತ ಅಜಾಗ್ರತೆಯಿಂದ ಮುರಿಯಿತು; ಇಲ್ಲಿ ಬೇಕೆಂದೇ ಮುರಿಯಲಾಯಿತು. ಫಲ ಎರಡರಲ್ಲೂ ಹೋಲುವಂತಿದ್ದರೂ ಧರ್ಮದ ತಕ್ಕಡಿಯಲ್ಲಿ ಎರಡೂ ಒಂದೇ ತೂಗುವುದಿಲ್ಲ.

ಒಂದು ವಲಯದ ಡಿವಿಡಿ ಇನ್ನೊಂದು ವಲಯದ ಡ್ರೈವಿನಲ್ಲಿ ಓಡದಂತೆ ತಡೆಯುವ ವಲಯ ನಿಯಮ ಈ ಎರಡರ ನಡುವೆ ಇದೆ. ಭಾರತ ಐದನೆಯ ವಲಯ, ಅಮೆರಿಕ ಮತ್ತು ಕೆನಡಾ ಮೊದಲನೆಯದು. ಡ್ರೈವಿನ ವಲಯವನ್ನು ಬಳಕೆದಾರ ಐದು ಸಲ ಬದಲಿಸಬಹುದು, ಆಮೇಲೆ ಅದು ಅಲ್ಲಿಯೇ ಕಚ್ಚಿಕೊಳ್ಳುತ್ತದೆ. ಐದನೆಯ ವಲಯಕ್ಕೆಂದೇ ಗುರುತು ಹಾಕಿದ ಕನ್ನಡ ಸಿನಿಮಾದ ಡಿವಿಡಿಯನ್ನು ಹೊತ್ತೊಯ್ದ ಅಮೆರಿಕದ ಕನ್ನಡಿಗನಿಗೆ, ತಟ್ಟೆಯೂ ತನ್ನದು, ಡ್ರೈವೂ ತನ್ನದು, ಆದರೂ ಡ್ರೈವು ತನ್ನ ಮಾತು ಕೇಳದು. ಎಲ್ಲ ವಲಯಗಳಿಗೂ ತೆರೆದ ಡಿವಿಡಿಗಳಿಗೆ ಈ ತೊಡಕಿಲ್ಲ. ನಿಯಮ ಗುಟ್ಟಾಗಿರಲಿಲ್ಲ ಎಂಬುದು ನಿಜ. ಆದರೆ ಕೊಂಡವನ ಒಪ್ಪಿಗೆಯನ್ನು ಯಾರೂ ಕೇಳಲಿಲ್ಲ. ವ್ಯಾಪಾರದ ಲಾಭಕ್ಕಾಗಿ ಒಡೆಯನಿಗೆ ‘ಇಲ್ಲ’ ಎನ್ನುವಂತೆ ಯಂತ್ರವನ್ನು ಮೊದಲೇ ಕಲಿಸಿಡುವುದು ಸಮರ್ಥನೀಯವಲ್ಲ.

ಹಾಗಾದರೆ ಕೆಲಸ ಮಾಡಿದವರು ಯಾರು? ವೈಯಾಕರಣರು ಕರ್ತೃ, ಕರಣಗಳ ವಿಚಾರದಲ್ಲಿ ಹೇಳುವವನ ವಿವಕ್ಷೆಗೆ ಜಾಗ ಬಿಟ್ಟಿದ್ದಾರೆ. ಬಡಗಿ ಕೊಡಲಿಯಿಂದ ಕಡಿಯುತ್ತಾನೆ ಎನ್ನಬಹುದು, ಕೊಡಲಿ ಚೆನ್ನಾಗಿ ಕಡಿಯುತ್ತದೆ ಎಂದೂ ಅನ್ನಬಹುದು. ಹಾಗೆಯೇ ‘ಡ್ರೈವು ಓದಿತು’, ‘ಲೈಬ್ರರಿ ಓದಿಸಿತು’ ಎಂಬ ಮಾತುಗಳು ವ್ಯಾಕರಣದಲ್ಲಿ ನಿರ್ದುಷ್ಟ. ಭಗವದ್ಗೀತೆಯ ಹದಿನೆಂಟನೆಯ ಅಧ್ಯಾಯವೂ ಪ್ರತಿ ಕೆಲಸಕ್ಕೆ ಅಧಿಷ್ಠಾನ, ಕರ್ತೃ, ಕರಣ, ಚೇಷ್ಟೆ, ದೈವ ಎಂಬ ಐದು ಕಾರಣಗಳನ್ನು ಹೇಳಿ, ತಾನೊಬ್ಬನೇ ಮಾಡಿದೆನೆಂದುಕೊಳ್ಳುವವನ ತಿಳಿವಳಿಕೆ ಸಾಲದೆನ್ನುತ್ತದೆ. ಆದರೆ ಕರ್ತೃತ್ವವನ್ನು ಹಂಚುವುದು ಬೇರೆ, ಹೊಣೆಯನ್ನು ಕರಗಿಸುವುದು ಬೇರೆ. ಕರಣಗಳ ಸಾಲು ಎಷ್ಟೇ ಉದ್ದವಾದರೂ, ಪ್ರೋಗ್ರಾಂ, ಲೈಬ್ರರಿ, ಕರ್ನಲ್, ತಂತಿ, ಫರ್ಮ್‌ವೇರ್ ಎಂದು ಎಷ್ಟೇ ಪದರ ಸೇರಿದರೂ, ಪ್ರತಿ ಪದರದ ಅರ್ಥವನ್ನು ಗೊತ್ತುಮಾಡಿದ ಮನುಷ್ಯರಿದ್ದಾರೆ. 2003ರಲ್ಲಿ ಡ್ರೈವು ಸತ್ತದ್ದಕ್ಕೆ ಲೈಬ್ರರಿಯೂ ಕರ್ನಲ್ಲೂ ಹೊಣೆಯಲ್ಲ. ಒಪ್ಪಿಕೊಂಡ ಪಟ್ಟಿಯ ಸಂಖ್ಯೆಗೆ ಬೇರೆ ಅರ್ಥವನ್ನು ಅಂಟಿಸಿದವರದು ದೊಡ್ಡ ಪಾಲು. ಬರೆಯಲು ಬರುತ್ತದೋ ಇಲ್ಲವೋ ಎಂದು ಕೇಳದೆ ಆದೇಶ ಕಳಿಸಿದವರದು ಸಣ್ಣ ಪಾಲು.

ಸಂಕೇತ ಬಲ್ಲವರು ಇಲ್ಲವಾದರೆ ಸಂಕೇತವೂ ಇಲ್ಲ. ಇಂದು ಬರುತ್ತಿರುವ ಹೆಚ್ಚಿನ ಲ್ಯಾಪ್‌ಟಾಪುಗಳಲ್ಲಿ ಸಿಡಿ ಡ್ರೈವು ಇಲ್ಲ, ಆಸ್ಪಿ ಫೈಲುಗಳು ಬಳಕೆಯಿಂದ ಹೋಗಿವೆ. ಲಿಬ್‌ಸಿಡಿಐಒ, ಲಿಬ್‌ಬರ್ನ್‌ಗಳ ಮೂಲಪಠ್ಯ ಮುಕ್ತ ಪರವಾನಗಿಯಲ್ಲಿರುವುದರಿಂದ, ಯಾವ ಆದೇಶಕ್ಕೆ ಯಾವ ಅರ್ಥ ಎಂಬುದನ್ನು ಅದರಿಂದ ಈಗಲೂ ಓದಿ ತಿಳಿಯಬಹುದು. ಯಕ್ಷಗಾನದ ಧ್ವನಿಮುದ್ರಣ, ಸಂಗೀತ ಕಛೇರಿ, ಹಸ್ತಪ್ರತಿಗಳ ಚಿತ್ರ ಮುಂತಾದವನ್ನು ಸಿಡಿಗಳಲ್ಲಿ ಇಟ್ಟುಕೊಂಡಿರುವ ಗ್ರಂಥಾಲಯಗಳೂ ಮನೆಗಳೂ ಡ್ರೈವು ಸಿಗುವ ಕಾಲದಲ್ಲೇ ಅವುಗಳನ್ನು ಓದಿ ಬೇರೆಡೆಗೆ ಇಳಿಸಿಕೊಳ್ಳಬೇಕು. ತಟ್ಟೆಯನ್ನೇ ಉಳಿಸಬೇಕಾದ ಕಡೆ ಅದರ ಜೊತೆಗೆ ಕೆಲಸ ಮಾಡುವ ಡ್ರೈವನ್ನೂ ಲೈಬ್ರರಿಯ ಮೂಲಪಠ್ಯವನ್ನೂ ಆದೇಶಗಳ ಪಟ್ಟಿಯನ್ನೂ ಇಡಬೇಕು. ಇವುಗಳಿಲ್ಲದೆ ಕಪಾಟಿನಲ್ಲಿ ಉಳಿದ ತಟ್ಟೆಯಲ್ಲಿ ಗುಳಿಗಳಿರುತ್ತವೆ, ಹಾಡು ಇರುವುದಿಲ್ಲ.